ಪಿತ್ರಾರ್ಜಿತವೆಂದು ರುಜುವಾತುಪಡಿಸುವ ಹೊರೆ ಮತ್ತು ಕಾಗದವಿಲ್ಲದ ವಾರಸುದಾರರು

ಮಾನ್ಯ ಸಂಪಾದಕರೇ,

ಪಾಲು ವಿಭಾಗದ ದಾವೆಗಳಲ್ಲಿ ನ್ಯಾಯಾಲಯ ರಚಿಸುವ ಮೊದಲ ವಿವಾದಾಂಶ ಬಹುಮಟ್ಟಿಗೆ ಒಂದೇ ಬಗೆಯದು: ದಾವಾ ಸ್ವತ್ತುಗಳು ಅವಿಭಕ್ತ ಕುಟುಂಬದ ಪಿತ್ರಾರ್ಜಿತ ಸ್ವತ್ತುಗಳೆಂದು ವಾದಿಯು ರುಜುವಾತುಪಡಿಸುವರೇ? ಆ ಒಂದು ಸಾಲಿಗೆ ‘ಇಲ್ಲ’ ಎಂಬ ಉತ್ತರ ಬಿದ್ದರೆ ಉಳಿದ ವಿವಾದಾಂಶಗಳ ಮೇಲೆ ನಡೆದ ವಾದ, ಪಾಟೀಸವಾಲು, ವರ್ಷಗಟ್ಟಲೆಯ ಓಡಾಟ ಎಲ್ಲವೂ ನೀರಿನಲ್ಲಿ ಹೋದಂತೆಯೇ. ತಾಲ್ಲೂಕು ನ್ಯಾಯಾಲಯಗಳಲ್ಲಿ ಸಿವಿಲ್ ದಾವೆಗಳನ್ನು ನಡೆಸುವ ವಕೀಲನಾಗಿ ನಾನು ಕಂಡಿರುವುದೇನೆಂದರೆ, ಇಲ್ಲಿ ಸೋಲುವವರಲ್ಲಿ ಅನೇಕರಿಗೆ ಹಕ್ಕು ನಿಜಕ್ಕೂ ಇರುತ್ತದೆ, ಇಲ್ಲದಿರುವುದು ಆ ಹಕ್ಕನ್ನು ತೋರಿಸುವ ಕಾಗದ ಮಾತ್ರ. ಆ ಕಾಗದವಾದರೂ ಎಲ್ಲೋ ಕಳೆದುಹೋಗಿರುವುದಿಲ್ಲ. ಎಷ್ಟೋ ಸಲ ಅದು ಎದುರಾಳಿಯ ಮನೆಯ ಪೆಟ್ಟಿಗೆಯಲ್ಲಿರುತ್ತದೆ, ಇಲ್ಲವೇ ತಾಲ್ಲೂಕು ಕಚೇರಿಯ ರೆಕಾರ್ಡ್ ರೂಮಿನಲ್ಲಿ ಗಂಟು ಕಟ್ಟಿದ ಬಟ್ಟೆಯೊಳಗಿರುತ್ತದೆ. ಈ ಅನ್ಯಾಯದ ಬಗ್ಗೆ ತಮ್ಮ ಪತ್ರಿಕೆಯ ಓದುಗರ, ಕಂದಾಯ ಇಲಾಖೆಯ ಮತ್ತು ನನ್ನ ವೃತ್ತಿಬಾಂಧವರ ಗಮನ ಸೆಳೆಯಬೇಕೆಂದು ಈ ಪತ್ರ ಬರೆಯುತ್ತಿದ್ದೇನೆ.

2005ರ ಸೆಪ್ಟೆಂಬರ್ 9ರಿಂದ ಜಾರಿಗೆ ಬಂದ ಹಿಂದೂ ಉತ್ತರಾಧಿಕಾರ ತಿದ್ದುಪಡಿ ಅಧಿನಿಯಮವು ಮಗಳನ್ನೂ ಮಗನಂತೆಯೇ ಹುಟ್ಟಿನಿಂದ ಸಹದಾಯಾದಿ (ಒಟ್ಟು ಕುಟುಂಬದ ಸ್ವತ್ತಿನ ಪಾಲುದಾರಳು) ಎಂದು ಮಾನ್ಯ ಮಾಡಿತು. ಆ ದಿನ ತಂದೆ ಬದುಕಿರಬೇಕಿತ್ತೇ ಎಂಬ ಗೊಂದಲವನ್ನು 2020ರ ಆಗಸ್ಟ್ 11ರಂದು ವಿನೀತಾ ಶರ್ಮಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠ, ಬದುಕಿರಬೇಕಾಗಿಲ್ಲ ಎಂದು ಹೇಳಿ ನಿವಾರಿಸಿತು. ಕರ್ನಾಟಕದಲ್ಲಿ 1994ರ ಜುಲೈ 30ರಿಂದಲೇ ಇಂಥದೊಂದು ತಿದ್ದುಪಡಿ ಇತ್ತಾದರೂ ಅದು ಅದಕ್ಕಿಂತ ಮೊದಲೇ ಮದುವೆಯಾದ ಹೆಣ್ಣುಮಕ್ಕಳನ್ನು ಹೊರಗಿಟ್ಟಿತ್ತು. ಆ ಹಳೆಯ ಅಡ್ಡಿಯನ್ನೇ ಇಂದಿಗೂ ಲಿಖಿತ ಹೇಳಿಕೆಗಳಲ್ಲಿ (ಪ್ರತಿವಾದಿಗಳ ಉತ್ತರಪತ್ರಗಳಲ್ಲಿ) ಎತ್ತುವವರಿದ್ದಾರೆ, ಅದು ಈಗ ನಿಲ್ಲುವ ವಾದವಲ್ಲ. ಹೀಗೆ ಕಾನೂನು ತನ್ನ ಪಾಲಿನ ಕೆಲಸವನ್ನು ಮಾಡಿದೆ. ಆದರೆ ಹುಟ್ಟಿನಿಂದ ಬರುವ ಈ ಹಕ್ಕು ಸಲ್ಲುವುದು ಪಿತ್ರಾರ್ಜಿತ, ಎಂದರೆ ಸಹದಾಯದ ಸ್ವತ್ತಿನಲ್ಲಿ ಮಾತ್ರ. ‘ಇದು ನಮ್ಮ ಅಪ್ಪನ ಸ್ವಯಾರ್ಜಿತ’ ಎಂದೋ ‘ನಾನೇ ದುಡಿದು ಕೊಂಡದ್ದು’ ಎಂದೋ ಅಣ್ಣ ತಮ್ಮಂದಿರು ಒಂದು ಸಾಲು ಬರೆದುಕೊಟ್ಟ ಕೂಡಲೇ ಇಡೀ ಹೊರೆ ಅಕ್ಕ ತಂಗಿಯರ ತಲೆಯ ಮೇಲೆ ಬೀಳುತ್ತದೆ.

ಪಿತ್ರಾರ್ಜಿತ ಎಂಬ ಮಾತನ್ನು ನಾವು ದಿನನಿತ್ಯದಲ್ಲಿ ಬಹಳ ಸಡಿಲವಾಗಿ ಬಳಸುತ್ತೇವೆ. ಅಪ್ಪನಿಂದ ಬಂದದ್ದೆಲ್ಲ ಪಿತ್ರಾರ್ಜಿತ ಎಂಬುದು ಜನರ ನಂಬಿಕೆ, ಆದರೆ ನ್ಯಾಯಾಲಯದ ಲೆಕ್ಕ ಅಷ್ಟು ಸುಲಭವಲ್ಲ. ನಮ್ಮ ನಾಡಿನ ಹೆಚ್ಚಿನ ಹಿಂದೂ ಕುಟುಂಬಗಳಿಗೆ ಅನ್ವಯಿಸುವ ಮಿತಾಕ್ಷರ ಪದ್ಧತಿಯಲ್ಲಿ, ಒಬ್ಬ ಪುರುಷನಿಗೆ ತನ್ನ ತಂದೆ, ಅಜ್ಜ ಅಥವಾ ಮುತ್ತಜ್ಜನಿಂದ ಉತ್ತರಾಧಿಕಾರವಾಗಿ ಬಂದ ಸ್ವತ್ತು ಅವನ ಮಕ್ಕಳು ಮೊಮ್ಮಕ್ಕಳ ಪಾಲಿಗೆ ಪಿತ್ರಾರ್ಜಿತವಾಗುತ್ತಿತ್ತು. 1956ರ ಜೂನ್ 17ರಂದು ಹಿಂದೂ ಉತ್ತರಾಧಿಕಾರ ಅಧಿನಿಯಮ ಜಾರಿಗೆ ಬಂದ ಮೇಲೆ ಈ ಸರಪಳಿಯಲ್ಲಿ ಒಂದು ಕೊಂಡಿ ಕಳಚಿತು. ತಂದೆಯ ಸ್ವಂತ ಸ್ವತ್ತು ಆ ಅಧಿನಿಯಮದ 8ನೇ ಕಲಮಿನ ಮೂಲಕ ಮಗನಿಗೆ ಬಂದರೆ ಅದು ಮಗನ ಪ್ರತ್ಯೇಕ ಸ್ವತ್ತಾಗುತ್ತದೆಯೇ ಹೊರತು, ಆ ಮಗನ ಮಕ್ಕಳಿಗೆ ಅದರಲ್ಲಿ ಹುಟ್ಟಿನಿಂದ ಹಕ್ಕು ಬರುವುದಿಲ್ಲ ಎಂದು ಸುಪ್ರೀಂ ಕೋರ್ಟ್ 1986ರಲ್ಲಿ ಚಂದರ್ ಸೇನ್ ಪ್ರಕರಣದಲ್ಲಿ ಹೇಳಿತು, ಆಮೇಲಿನ ತೀರ್ಪುಗಳಲ್ಲೂ ಅದನ್ನೇ ಅನುಸರಿಸಿತು. ಆದ್ದರಿಂದ ಸ್ವತ್ತು ಮೂಲಪುರುಷನಿಗೆ ಹೇಗೆ ಬಂತು, ಆತ ಯಾವಾಗ ತೀರಿಕೊಂಡ ಎಂಬ ಎರಡು ಪ್ರಶ್ನೆಗಳಿಗೆ ಉತ್ತರವಿಲ್ಲದೆ ಪಿತ್ರಾರ್ಜಿತ ಎಂಬ ವಾದ ನಿಲ್ಲುವುದಿಲ್ಲ. ಅಜ್ಜ ತೀರಿಕೊಂಡದ್ದು 1956ಕ್ಕೆ ಮೊದಲೋ ಆಮೇಲೋ ಎಂಬುದರ ಮೇಲೆ ಒಂದು ಇಡೀ ದಾವೆ ತಿರುಗಬಹುದು. ಹೀಗಿದ್ದೂ ದಾವಾಪತ್ರಗಳಲ್ಲಿ ಮೂಲಪುರುಷನ ಮರಣದ ಕಾಲಕ್ಕೆ ‘ಬಹಳ ವರ್ಷಗಳ ಹಿಂದೆ’ ಎಂದಷ್ಟೇ ಬರೆಯುವ ರೂಢಿ ಇನ್ನೂ ಹೋಗಿಲ್ಲ.

ತಾಯಿಯಿಂದಲೋ ತಾಯಿಯ ತಂದೆಯಿಂದಲೋ ಬಂದದ್ದು ಈ ಅರ್ಥದಲ್ಲಿ ಪಿತ್ರಾರ್ಜಿತವಲ್ಲ. ತಂದೆ ತನ್ನ ಸ್ವಯಾರ್ಜಿತವನ್ನು ಮಗನಿಗೆ ದಾನಪತ್ರದ ಮೂಲಕ ಕೊಟ್ಟಿದ್ದರೆ ಅದು ತಾನಾಗಿ ಪಿತ್ರಾರ್ಜಿತವಾಗುವುದಿಲ್ಲ, ಕೊಟ್ಟವನ ಉದ್ದೇಶವನ್ನು ಪತ್ರದಿಂದ ತಿಳಿಯಬೇಕು ಎಂದು 1953ರಷ್ಟು ಹಿಂದೆಯೇ ಅರುಣಾಚಲ ಮುದಲಿಯಾರ್ ಪ್ರಕರಣದಲ್ಲಿ ತೀರ್ಮಾನವಾಗಿದೆ. ಕರಾವಳಿಯ ಅಳಿಯಸಂತಾನ ಕುಟುಂಬಗಳಲ್ಲಿ ಹಕ್ಕಿನ ಮೂಲವೇ ತಾಯಿಯ ಕಡೆಯಿಂದ ಹರಿದು ಬರುವುದರಿಂದ ಅಲ್ಲಿಯ ಹಳೆಯ ಸ್ವತ್ತುಗಳನ್ನು ಬೇರೆಯದೇ ಲೆಕ್ಕದಲ್ಲಿ ನೋಡಬೇಕಾಗುತ್ತದೆ. ಮುಸ್ಲಿಂ ಕುಟುಂಬಗಳ ಉತ್ತರಾಧಿಕಾರದಲ್ಲಿ ಹುಟ್ಟಿನಿಂದ ಬರುವ ಹಕ್ಕು ಎಂಬುದೇ ಇಲ್ಲ. ನಾನು ಇಲ್ಲಿ ಹೇಳುತ್ತಿರುವುದು ಮಿತಾಕ್ಷರ ಕುಟುಂಬಗಳ ಮಾತು.

ಹೊರೆ ಯಾರದು ಎಂಬ ವಿಷಯದಲ್ಲಿ ಕಾನೂನು ಸ್ಪಷ್ಟವಾಗಿದೆ. ಕುಟುಂಬ ಒಟ್ಟಾಗಿದೆ ಎಂದ ಮಾತ್ರಕ್ಕೆ ಅದರ ಸದಸ್ಯನೊಬ್ಬನ ಹೆಸರಿನಲ್ಲಿರುವ ಸ್ವತ್ತು ಒಟ್ಟು ಕುಟುಂಬದ್ದೆಂದು ಊಹಿಸಲು ಬರುವುದಿಲ್ಲ, ಹಾಗೆಂದು ಹೇಳುವವರೇ ಅದನ್ನು ರುಜುವಾತುಪಡಿಸಬೇಕು. ಆದರೆ ಹೊಸ ಸ್ವತ್ತನ್ನು ಕೊಳ್ಳಲು ಸಾಕಾಗುವಷ್ಟು ಆದಾಯ ಕೊಡುವ ಮೂಲ ಸ್ವತ್ತು ಕುಟುಂಬಕ್ಕೆ ಇತ್ತು ಎಂದು ಒಮ್ಮೆ ತೋರಿಸಿಕೊಟ್ಟರೆ, ಅದು ತನ್ನ ಸ್ವಂತ ದುಡಿಮೆಯಿಂದ ಬಂದದ್ದೆಂದು ಸಾಧಿಸುವ ಹೊರೆ ಎದುರಿನವರಿಗೆ ವರ್ಗವಾಗುತ್ತದೆ. 1954ರ ಶ್ರೀನಿವಾಸ ಕೃಷ್ಣರಾವ್ ಕಾಂಗೋ ಪ್ರಕರಣದಿಂದ, 1969ರ ಮುದಿಗೌಡ ಗೌಡಪ್ಪ ಸಂಖ ಪ್ರಕರಣದ ಮೂಲಕ, 2003ರ ಡಿ.ಎಸ್. ಲಕ್ಷ್ಮಯ್ಯ ಪ್ರಕರಣದವರೆಗೆ ಈ ಸೂತ್ರ ಬದಲಾಗಿಲ್ಲ. ಇಲ್ಲಿ ತೂಕವಿರುವುದು ‘ಸಾಕಾಗುವಷ್ಟು’ ಎಂಬುದಕ್ಕೆ. ಕುಟುಂಬಕ್ಕೆ ಎರಡು ಎಕರೆ ಖುಷ್ಕಿ (ಮಳೆಯಾಶ್ರಿತ) ಜಮೀನಿತ್ತು ಎಂದು ಪಹಣಿ ಹಾಜರುಪಡಿಸಿ, ಅಣ್ಣನ ಹೆಸರಿನಲ್ಲಿರುವ ಪಟ್ಟಣದ ಮನೆಯೂ ಅದರಿಂದಲೇ ಬಂತೆಂದರೆ ನ್ಯಾಯಾಧೀಶರು ಒಪ್ಪುವುದಿಲ್ಲ, ಒಪ್ಪಲೂಬಾರದು. ಅದೇ ಜಮೀನು ತರಿಯೋ (ನೀರಾವರಿಯದೋ) ಬಾಗಾಯ್ತೋ (ತೋಟದ್ದೋ) ಆಗಿತ್ತು ಎಂಬುದಕ್ಕೆ ಕಂದಾಯದ ದಾಖಲೆ, ಆ ವರ್ಷಗಳಲ್ಲಿ ಏನು ಬೆಳೆಯುತ್ತಿದ್ದರು ಎಂಬುದಕ್ಕೆ ಪಹಣಿಯ ಬೆಳೆ ಕಾಲಂ, ಸೊಸೈಟಿಗೆ ಉತ್ಪನ್ನ ಹಾಕಿದ ಲೆಕ್ಕ, ಕೊಂಡ ವರ್ಷವೇ ಹಳೆಯ ಜಮೀನಿನ ಒಂದು ತುಂಡನ್ನು ಮಾರಿದ ಕ್ರಯಪತ್ರ, ಕೊಂಡಾಗ ಅಣ್ಣನಿಗೆ ಬೇರೆ ಸಂಪಾದನೆ ಇರಲಿಲ್ಲವೆಂಬ ಸಾಕ್ಷ್ಯ ಇವೆಲ್ಲ ಕೂಡಿಬಂದಾಗ ಮಾತ್ರ ಹೊರೆ ಆ ಕಡೆಗೆ ಸರಿಯುತ್ತದೆ. ಮೂಲ ಸ್ವತ್ತು ಇತ್ತು ಎಂಬುದನ್ನು ಎಲ್ಲರೂ ತೋರಿಸುತ್ತಾರೆ. ಅದರ ಹುಟ್ಟುವಳಿ ಎಷ್ಟಿತ್ತು ಎಂದು ತೋರಿಸುವವರು ಬಹಳ ಕಡಿಮೆ, ದಾವೆಗಳು ಹೆಚ್ಚಾಗಿ ಮುಗ್ಗರಿಸುವುದು ಇಲ್ಲಿಯೇ.

ಪಹಣಿಯ ವಿಷಯದಲ್ಲಿ ಜನರಿಗಿರುವ ನಂಬಿಕೆಯನ್ನು ನೋಡಿದಾಗ ನನಗೆ ಕಳವಳವಾಗುತ್ತದೆ. ಪಹಣಿಯಲ್ಲಿ ಹೆಸರಿದ್ದವನೇ ಮಾಲೀಕ, ಹೆಸರಿಲ್ಲದವನಿಗೆ ಹಕ್ಕಿಲ್ಲ ಎಂದು ಹಳ್ಳಿಗಳಲ್ಲಿ ವಿದ್ಯಾವಂತರೂ ತಿಳಿದಿದ್ದಾರೆ. ಕರ್ನಾಟಕ ಭೂಕಂದಾಯ ಅಧಿನಿಯಮದ 133ನೇ ಕಲಂ ಹಕ್ಕುದಾಖಲೆಯ ನಮೂದನ್ನು ನಿಜವೆಂದು ಊಹಿಸಲು ಹೇಳುತ್ತದೆ, ಆದರೆ ಅದಕ್ಕೆ ವಿರುದ್ಧವಾದದ್ದು ರುಜುವಾತಾಗುವವರೆಗೆ ಮಾತ್ರ. ಖಾತೆ ಬದಲಾವಣೆಯ ನಮೂದು ಕಂದಾಯ ವಸೂಲಿಯ ಅನುಕೂಲಕ್ಕಾಗಿ ಇರುವಂಥದು, ಅದರಿಂದ ಸ್ವಾಮ್ಯ ಹುಟ್ಟುವುದೂ ಇಲ್ಲ, ಇರುವ ಸ್ವಾಮ್ಯ ಅಳಿಯುವುದೂ ಇಲ್ಲ ಎಂದು ಸುಪ್ರೀಂ ಕೋರ್ಟ್ ಅನೇಕ ಬಾರಿ ಹೇಳಿದೆ. ತಂದೆ ತೀರಿಕೊಂಡ ಮೇಲೆ ಹಿರಿಯ ಮಗನ ಹೆಸರಿಗೆ ಪೌತಿ ಖಾತೆಯಾಗಿದ್ದರೆ ಅದು ಉಳಿದವರ ಪಾಲನ್ನು ತಿಂದುಹಾಕುವುದಿಲ್ಲ. ಅಷ್ಟೇ ಅಲ್ಲ, ಅಂಥ ಖಾತೆ ಬದಲಾವಣೆಯ ವಹಿಯೇ ವಾದಿಗೆ ಸಿಗುವ ಅತ್ಯುತ್ತಮ ಸಾಕ್ಷ್ಯವಾಗಬಹುದು. ಏಕೆಂದರೆ ಅದರಲ್ಲಿ ಖಾತೆ ಬದಲಾದ ಕಾರಣವನ್ನು ಬರೆದಿರುತ್ತಾರೆ. ‘ಖಾತೆದಾರರು ಫೌತಿಯಾದ ಕಾರಣ ಅವರ ಹಿರಿಯ ಮಗನಾದ ಇಂಥವರ ಹೆಸರಿಗೆ’ ಎಂದು ಅಲ್ಲಿದ್ದರೆ, ಆ ಜಮೀನು ಅಣ್ಣ ದುಡಿದು ಕೊಂಡದ್ದಲ್ಲ, ತಂದೆಯಿಂದ ಬಂದದ್ದು ಎಂಬುದು ಅವನ ಕಡೆಯ ದಾಖಲೆಯಿಂದಲೇ ಸ್ಥಾಪಿತವಾಗುತ್ತದೆ. ಉತ್ತರ ಕರ್ನಾಟಕದ ಕಡೆ ಮನೆಯವರು ಕೊಟ್ಟ ವರ್ದಿಯ (ಖಾತೆ ಬದಲಾವಣೆ ಕೋರುವ ಹೇಳಿಕೆಯ) ಮೇಲೆ ಆದ ನಮೂದುಗಳಿಗೂ ಇದೇ ಬೆಲೆಯಿದೆ. ಹೀಗಿರುವಾಗ ಬರಿಯ ಇತ್ತೀಚಿನ ಕಂಪ್ಯೂಟರ್ ಪಹಣಿಯನ್ನು ಲಗತ್ತಿಸಿ ದಾವೆ ಹೂಡುವುದು ಅರ್ಧ ಸೋತು ಹೊರಟಂತೆಯೇ ಸರಿ.

ದಾಖಲೆಯನ್ನು ಹಿಂದಕ್ಕೆ ಹಿಂದಕ್ಕೆ ಹುಡುಕಬೇಕು. ಭೂಮಿ ಯೋಜನೆಯ ಕಂಪ್ಯೂಟರ್ ಪಹಣಿ ಈ ಶತಮಾನದ ಆರಂಭದಿಂದ ಈಚಿನದು. ಅದರ ಹಿಂದೆ ಕೈಬರಹದ ಪಹಣಿ, ಅದಕ್ಕೂ ಹಿಂದೆ ಹಳೆಯ ಮೈಸೂರು ಸೀಮೆಯಲ್ಲಿ ಇಂಡೆಕ್ಸ್ ಆಫ್ ಲ್ಯಾಂಡ್ಸ್ ಮತ್ತು ರೆಕಾರ್ಡ್ ಆಫ್ ರೈಟ್ಸ್, ಎಂದರೆ ಜನ ಐಎಲ್, ಆರ್‌ಆರ್ ಎನ್ನುವ ವಹಿಗಳಿವೆ. 1956ರಲ್ಲಿ ರಾಜ್ಯ ಒಂದಾಗುವ ಮುನ್ನ ನಮ್ಮ ಜಿಲ್ಲೆಗಳು ಬೇರೆ ಬೇರೆ ಆಡಳಿತಗಳ ಕೆಳಗಿದ್ದುದರಿಂದ ಹಳೆಯ ದಾಖಲೆಗಳ ಹೆಸರು, ಭಾಷೆ, ಲಿಪಿಗಳೇ ಬೇರೆ ಬೇರೆ. ಮುಂಬಯಿ ಪ್ರಾಂತ್ಯದಲ್ಲಿದ್ದ ಬೆಳಗಾವಿ, ಧಾರವಾಡ, ವಿಜಯಪುರದ ಕಡೆ ಮೋಡಿ ಲಿಪಿಯ (ಮರಾಠಿಯ ಹಳೆಯ ಕೂಡುಬರಹದ) ಕಾಗದಗಳು ಸಿಗುತ್ತವೆ, ನಿಜಾಮರ ಆಳ್ವಿಕೆಯಲ್ಲಿದ್ದ ಬೀದರ್, ಕಲಬುರಗಿ, ರಾಯಚೂರಿನ ಕಡೆ ಉರ್ದುವಿನಲ್ಲಿ ಬರೆದವು ಸಿಗುತ್ತವೆ. ಮದರಾಸು ಪ್ರಾಂತ್ಯದಲ್ಲಿದ್ದ ದಕ್ಷಿಣ ಕನ್ನಡದಲ್ಲಿ ಅಡಂಗಲ್ (ಸಾಗುವಳಿಯ ದಾಖಲೆ) ಮತ್ತು ವರ್ಗಗಳ (ಹಿಡುವಳಿ ಖಾತೆಗಳ) ಲೆಕ್ಕ, ಕೊಡಗಿನಲ್ಲಿ ವಂಶಪಾರಂಪರ್ಯದ ಜಮ್ಮಾ ಹಿಡುವಳಿಯದು ಮತ್ತೊಂದು ಬಗೆ. ಇವನ್ನು ಓದಬಲ್ಲವರು ವರ್ಷ ವರ್ಷಕ್ಕೆ ಕಡಿಮೆಯಾಗುತ್ತಿದ್ದಾರೆ. ಮುತ್ತಜ್ಜನ ಹೆಸರು ಸ್ಪಷ್ಟವಾಗಿ ಬರೆದಿರುವ ಕಾಗದ ಕೈಯಲ್ಲಿದ್ದೂ ಅದನ್ನು ಓದಿ ಪ್ರಮಾಣೀಕರಿಸುವವರು ಸಿಗದೆ ಒಂದು ಕುಟುಂಬ ಪರದಾಡುವುದು ತುಂಬ ನೋವಿನ ಸಂಗತಿ.

ಇನ್ನೊಂದು ತೊಡಕು ಸರ್ವೆ ನಂಬರಿನದು. ಮುತ್ತಜ್ಜನ ಕಾಲದಲ್ಲಿ ಒಂದೇ ನಂಬರಾಗಿದ್ದ ಜಮೀನು ಪೋಡಿಯಾಗಿ (ಅಳತೆಯಿಂದ ಬೇರ್ಪಟ್ಟು), ಹಿಸ್ಸಾಗಳಾಗಿ (ಉಪಭಾಗಗಳಾಗಿ), ಮರುಮೋಜಣಿಯಲ್ಲಿ (ಮರುಅಳತೆಯಲ್ಲಿ) ಹೊಸ ನಂಬರು ಪಡೆದು ಇಂದು ಬೇರೆಯೇ ಗುರುತಿನಲ್ಲಿರುತ್ತದೆ. ಹಳೆಯ ನಂಬರೇ ಇಂದಿನ ನಂಬರು ಎಂದು ಜೋಡಿಸಿ ತೋರಿಸುವ ಆಕಾರಬಂದ್ (ವಿಸ್ತೀರ್ಣ, ಕಂದಾಯದ ವಹಿ) ಮತ್ತು ಟಿಪ್ಪಣಿಯ (ಅಳತೆಯ ನಕ್ಷೆಯ) ನಕಲುಗಳನ್ನು ಹಾಜರುಪಡಿಸದಿದ್ದರೆ ಹಳೆಯ ಕಾಗದ ಎಷ್ಟೇ ಗಟ್ಟಿಯಾಗಿದ್ದರೂ ಅದು ದಾವಾ ಸ್ವತ್ತಿನದ್ದೇ ಎಂದು ಹೇಳಲು ಆಧಾರವಿರುವುದಿಲ್ಲ. ಗ್ರಾಮಠಾಣಾದ (ಊರಿನ ವಾಸದ ಜಾಗದ) ಮನೆಗಳ ಸ್ಥಿತಿ ಇನ್ನೂ ಕಷ್ಟ. ಅವಕ್ಕೆ ಪಹಣಿಯೇ ಇಲ್ಲ, ಇ-ಸ್ವತ್ತಿನ (ಪಂಚಾಯಿತಿ ಸ್ವತ್ತುಗಳ ಗಣಕೀಕೃತ ದಾಖಲೆಯ) ನಮೂನೆಗಳು ತೀರ ಈಚಿನವು. ಅಲ್ಲಿ ಪಂಚಾಯಿತಿಯ ಹಳೆಯ ಡಿಮ್ಯಾಂಡ್ ರಿಜಿಸ್ಟರು, ಅಜ್ಜನ ಹೆಸರಿನ ಮನೆಗಂದಾಯದ ರಸೀದಿ, ನೆರೆಯವರ ಕ್ರಯಪತ್ರದ ಚೆಕ್ಕುಬಂದಿಯಲ್ಲಿ (ಗಡಿ ವಿವರದಲ್ಲಿ) ‘ಪೂರ್ವಕ್ಕೆ ಇಂಥವರ ಮನೆ’ ಎಂದು ಬಂದಿರುವ ಉಲ್ಲೇಖ ಇಂಥವನ್ನೇ ಹಿಡಿದು ಹೋಗಬೇಕು. ಪಕ್ಕದ ಮನೆಯವರ ಪತ್ರದ ಚೆಕ್ಕುಬಂದಿ ಎಷ್ಟು ಬೆಲೆಯುಳ್ಳ ಸಾಕ್ಷ್ಯವೆಂಬುದನ್ನು ಹೆಚ್ಚಿನವರು ಗಮನಿಸುವುದೇ ಇಲ್ಲ. ವ್ಯಾಜ್ಯದ ಕಲ್ಪನೆಯೂ ಇಲ್ಲದ ಕಾಲದಲ್ಲಿ, ಯಾವ ಸ್ವಾರ್ಥವೂ ಇಲ್ಲದವರು ಬರೆಸಿದ ಮಾತು ಅದು.

ಭೂಸುಧಾರಣೆಯಲ್ಲಿ ಬಂದ ಜಮೀನುಗಳ ಬಗ್ಗೆ ಸ್ವಲ್ಪ ವಿವರವಾಗಿಯೇ ಹೇಳಬೇಕಾಗಿದೆ, ಏಕೆಂದರೆ ಕರ್ನಾಟಕದ ಪಾಲು ದಾವೆಗಳಲ್ಲಿ ಇವುಗಳದ್ದು ದೊಡ್ಡ ಪಾಲು. 1974ರ ತಿದ್ದುಪಡಿಯ ನಂತರ ಗೇಣಿದಾರರು ನಮೂನೆ 7ರಲ್ಲಿ ಅರ್ಜಿ ಹಾಕಿ ಭೂ ನ್ಯಾಯಮಂಡಳಿಯಿಂದ ಅಧಿಭೋಗದ ಹಕ್ಕು (ಸಾಗುವಳಿದಾರನೇ ಜಮೀನಿನ ಒಡೆಯನಾಗುವ ಹಕ್ಕು) ಪಡೆದರು. ಮನೆಯಲ್ಲಿ ನಾಲ್ವರು ಅಣ್ಣತಮ್ಮಂದಿರಿದ್ದರೂ ಅರ್ಜಿ ಹಾಕಿದ್ದು ಒಬ್ಬರು, ಕಚೇರಿಗೆ ಓಡಾಡಿ ಗೊತ್ತಿದ್ದವರು. ಆದೇಶವೂ ನಮೂನೆ 10ರ ಪ್ರಮಾಣಪತ್ರವೂ ಅವರ ಹೆಸರಿಗೇ ಬಂದವು. ಇಂದು ಅವರ ಮಕ್ಕಳು ‘ಇದು ನಮ್ಮ ತಂದೆಗೆ ವೈಯಕ್ತಿಕವಾಗಿ ಮಂಜೂರಾದದ್ದು’ ಎನ್ನುತ್ತಾರೆ. ಗೇಣಿ ಕುಟುಂಬದ್ದಾಗಿದ್ದರೆ ಒಬ್ಬರ ಹೆಸರಿನ ಮಂಜೂರಾತಿಯೂ ಇಡೀ ಕುಟುಂಬದ ಹಿತಕ್ಕೆ ಸಲ್ಲುತ್ತದೆ ಎಂಬುದನ್ನು ನ್ಯಾಯಾಲಯಗಳು ಒಪ್ಪಿವೆ, ಆದರೆ ಗೇಣಿ ಕುಟುಂಬದ್ದಾಗಿತ್ತು ಎಂದು ರುಜುವಾತಾಗಬೇಕು. ಆ ರುಜುವಾತು ಇರುವುದು ನಮೂನೆ 10ರಲ್ಲಲ್ಲ, ನ್ಯಾಯಮಂಡಳಿಯ ಕಡತದ ಒಳಗೆ. ಅರ್ಜಿದಾರರು ಅಲ್ಲಿ ಕೊಟ್ಟ ಹೇಳಿಕೆಯಲ್ಲಿ ‘ನಮ್ಮ ತಂದೆಯ ಕಾಲದಿಂದ ನಾವು ಅಣ್ಣತಮ್ಮಂದಿರು ಸಾಗುವಳಿ ಮಾಡುತ್ತಿದ್ದೇವೆ’ ಎಂಬ ಮಾತಿರಬಹುದು, ಭೂಮಾಲೀಕರ ಹೇಳಿಕೆಯಲ್ಲಿ ತಂದೆಯ ಹೆಸರಿನ ಗೇಣಿ ಚೀಟಿಯ ಉಲ್ಲೇಖವಿರಬಹುದು. ಆದ್ದರಿಂದ ಆದೇಶದ ಪ್ರತಿಯೊಂದನ್ನೇ ತಂದು ಸುಮ್ಮನಾಗದೆ ನಮೂನೆ 7, ಹೇಳಿಕೆಗಳು, ಮಹಜರು ಸಹಿತ ಪೂರ್ತಿ ಕಡತದ ದೃಢೀಕೃತ ನಕಲನ್ನು ಕೇಳಬೇಕು.

ವಂಶವೃಕ್ಷದ ಮಾತಿಗೆ ಬರುತ್ತೇನೆ. ಸ್ವತ್ತಿನ ಸರಪಳಿ ಎಷ್ಟು ಮುಖ್ಯವೋ ರಕ್ತಸಂಬಂಧದ ಸರಪಳಿಯೂ ಅಷ್ಟೇ ಮುಖ್ಯ. ನಾಡಕಚೇರಿಯಿಂದ ಸಿಗುವ ವಂಶವೃಕ್ಷ ಪ್ರಮಾಣಪತ್ರ ಅರ್ಜಿದಾರರೇ ಹೇಳಿದ ವಿವರ ಮತ್ತು ಸ್ಥಳ ವಿಚಾರಣೆಯನ್ನು ಆಧರಿಸಿದ್ದು. ಅದು ಸಂಬಂಧವನ್ನು ಕಡೆಯದಾಗಿ ತೀರ್ಮಾನಿಸುವ ದಾಖಲೆಯಲ್ಲ, ತಕರಾರು ಎದ್ದರೆ ಸಾಕ್ಷ್ಯದಿಂದಲೇ ಸಂಬಂಧವನ್ನು ಸ್ಥಾಪಿಸಬೇಕು. ಇದಕ್ಕಿಂತ ಕೆಟ್ಟದ್ದೆಂದರೆ, ಪೌತಿ ಖಾತೆಗಾಗಿ ಕೊಡುವ ವಂಶವೃಕ್ಷಗಳಲ್ಲಿ ಹೆಣ್ಣುಮಕ್ಕಳ ಹೆಸರನ್ನೇ ಬಿಟ್ಟುಬಿಡುವ ಪರಿಪಾಠ. ಮದುವೆಯಾಗಿ ಹೋದ ಮಗಳು ಆ ಮನೆಯಲ್ಲಿ ಹುಟ್ಟಲೇ ಇಲ್ಲವೆಂಬಂತೆ ಕಾಗದ ಸಿದ್ಧವಾಗುತ್ತದೆ, ಅದರ ಮೇಲೆ ಖಾತೆಯಾಗುತ್ತದೆ, ಅದನ್ನು ತೋರಿಸಿ ಬ್ಯಾಂಕಿನಲ್ಲಿ ಸಾಲವಾಗುತ್ತದೆ, ಕಡೆಗೆ ಮೂರನೆಯವರಿಗೆ ಕ್ರಯವೂ ಆಗುತ್ತದೆ. ಪ್ರಮಾಣಪತ್ರಕ್ಕೆ ರುಜು ಹಾಕುವ ಮುನ್ನ ‘ಹೆಣ್ಣುಮಕ್ಕಳು ಎಷ್ಟು ಜನ’ ಎಂಬ ಒಂದು ಪ್ರಶ್ನೆಯನ್ನು ಅಧಿಕಾರಿಗಳು ಕಟ್ಟುನಿಟ್ಟಾಗಿ ಕೇಳಿ, ಉತ್ತರವನ್ನು ಬರಹದಲ್ಲಿ ಪಡೆದರೆ ಎಷ್ಟೋ ದಾವೆಗಳು ಹುಟ್ಟುವುದೇ ಇಲ್ಲ. ಇಂಥ ವಂಶವೃಕ್ಷದಿಂದ ಹೊರಬಿದ್ದವರು ಧೈರ್ಯಗೆಡಬೇಕಾಗಿಲ್ಲ. ತಂದೆಯ ಹೆಸರಿರುವ ಶಾಲಾ ದಾಖಲಾತಿ ವಹಿಯ ಉದ್ಧೃತ ಭಾಗ, ಹಳೆಯ ಪಡಿತರ ಚೀಟಿ, ಮತದಾರರ ಪಟ್ಟಿ, ಮದುವೆಯ ಲಗ್ನಪತ್ರಿಕೆ, ಕುಟುಂಬವನ್ನು ಹತ್ತಿರದಿಂದ ಬಲ್ಲ ಹಿರಿಯರ ಸಾಕ್ಷ್ಯ ಇವೆಲ್ಲವನ್ನೂ ಕಾನೂನು ಸ್ವೀಕರಿಸುತ್ತದೆ. ವ್ಯಾಜ್ಯ ಹುಟ್ಟುವ ಮುನ್ನ ಮನೆಯ ಹಿರಿಯರು ಸಂಬಂಧದ ಬಗ್ಗೆ ಬರೆದಿಟ್ಟದ್ದಕ್ಕೆ, ಅವರು ತೀರಿಕೊಂಡಿದ್ದರೂ, ಸಾಕ್ಷ್ಯದ ಬೆಲೆಯಿದೆ. ಮೂವತ್ತು ವರ್ಷ ಮೀರಿದ, ಇರಬೇಕಾದವರ ಸುಪರ್ದಿನಿಂದಲೇ ಬಂದ ಪತ್ರದ ಸಹಿ ಬರಹಗಳನ್ನು ನಿಜವೆಂದು ಊಹಿಸಲು ನ್ಯಾಯಾಲಯಕ್ಕಿದ್ದ ಅಧಿಕಾರ, 1872ರ ಸಾಕ್ಷ್ಯ ಅಧಿನಿಯಮ ಹೋಗಿ 2024ರ ಜುಲೈ 1ರಿಂದ ಭಾರತೀಯ ಸಾಕ್ಷ್ಯ ಅಧಿನಿಯಮ ಬಂದ ಮೇಲೂ ಹಾಗೆಯೇ ಉಳಿದಿದೆ.

ಪ್ರತಿವಾದಿಗಳ ಮತ್ತೊಂದು ಸಾಮಾನ್ಯ ಉತ್ತರ, ‘ಪಾಲು ಎಂದೋ ಬಾಯಿಮಾತಿನಲ್ಲಿ ಆಗಿಹೋಗಿದೆ’ ಎಂಬುದು. 2004ರ ಡಿಸೆಂಬರ್ 20ಕ್ಕೆ ಮೊದಲೇ ಆದ ವಿಭಾಗಗಳನ್ನು 2005ರ ತಿದ್ದುಪಡಿ ಮುಟ್ಟುವುದಿಲ್ಲ ಎಂಬುದು ನಿಜ. ಆದರೆ ಅಲ್ಲಿ ವಿಭಾಗವೆಂದರೆ ನೋಂದಾಯಿತ ಪತ್ರದ ಮೂಲಕ ಅಥವಾ ನ್ಯಾಯಾಲಯದ ಡಿಕ್ರಿಯ ಮೂಲಕ ಆದದ್ದು ಎಂದು ಕಲಮಿನ ವಿವರಣೆಯೇ ಹೇಳುತ್ತದೆ. ಬಾಯಿಮಾತಿನ ಪಾಲನ್ನು ಸಾರ್ವಜನಿಕ ದಾಖಲೆಗಳ ಬಲವಾದ ಆಸರೆ ಇರುವ ಅಪರೂಪದ ಸಂದರ್ಭಗಳಲ್ಲಿ ಮಾತ್ರ ಒಪ್ಪಬಹುದು, ಬರಿಯ ಬಾಯಿ ಸಾಕ್ಷ್ಯವನ್ನು ನೆಚ್ಚಿದರೆ ಅದನ್ನು ತಳ್ಳಿಹಾಕಬೇಕು ಎಂದು ವಿನೀತಾ ಶರ್ಮಾ ತೀರ್ಪು ಎಚ್ಚರಿಸಿದೆ. ಹಾಗೆಂದು ಹಳ್ಳಿಯ ಪಂಚರ ಮುಂದೆ ಬರೆದ ಪ್ರತಿಯೊಂದು ಪಾಲುಪಟ್ಟಿಯೂ ಸುಳ್ಳೆಂದು ನಾನು ಹೇಳುವುದಿಲ್ಲ. ಆಗಿಹೋದ ಪಾಲನ್ನು ನೆನಪಿಗಾಗಿ ಬರೆದಿಟ್ಟ ಪಟ್ಟಿಗೆ ನೋಂದಣಿ ಬೇಕಿಲ್ಲ, ಆ ಪತ್ರದಿಂದಲೇ ಪಾಲು ಆಗುವುದಾದರೆ ನೋಂದಣಿ ಬೇಕು. ಈ ವ್ಯತ್ಯಾಸವನ್ನು 1976ರ ಕಾಳೆ ಪ್ರಕರಣ ಚೆನ್ನಾಗಿ ವಿವರಿಸಿದೆ. ಇಲ್ಲೊಂದು ವಿಷಯವನ್ನು ವಾದಿಗಳು ಮರೆಯಬಾರದು: ಪಾಲುಪಟ್ಟಿಯನ್ನು ಮುಂದಿಡುವ ಪ್ರತಿವಾದಿ, ಆ ಸ್ವತ್ತುಗಳು ಒಂದು ಕಾಲಕ್ಕೆ ಒಟ್ಟು ಕುಟುಂಬದ್ದಾಗಿದ್ದವು ಎಂಬುದನ್ನು ತಾನೇ ಒಪ್ಪಿಕೊಂಡಂತಾಗುತ್ತದೆ.

ನಾನು ಮುಖ್ಯವಾಗಿ ಹೇಳಬೇಕೆಂದಿರುವುದು ಕಾಗದ ಯಾರ ಬಳಿ ಇದೆ ಎಂಬುದರ ಬಗ್ಗೆ. ರುಜುವಾತಿನ ಹೊರೆ ವಾದಿಯದು ಎಂಬ ನಿಯಮ ತನ್ನಷ್ಟಕ್ಕೆ ನ್ಯಾಯವಾದದ್ದೇ, ಇಲ್ಲದಿದ್ದರೆ ಯಾರು ಬೇಕಾದರೂ ಯಾರ ಆಸ್ತಿಯ ಮೇಲಾದರೂ ದಾವೆ ಹೂಡಬಹುದಿತ್ತು. ಆದರೆ ಮದುವೆಯಾಗಿ ಬೇರೆ ಊರಿಗೆ ಹೋದ ಹೆಣ್ಣುಮಗಳಿಗೆ, ಗಂಡ ತೀರಿಕೊಂಡ ಮೇಲೆ ಮನೆಯಿಂದ ಹೊರಬಿದ್ದ ಸೊಸೆಗೆ, ಅಜ್ಜನ ಆಸ್ತಿಯ ಸರ್ವೆ ನಂಬರುಗಳೇ ಗೊತ್ತಿಲ್ಲದ ಮೊಮ್ಮಕ್ಕಳಿಗೆ ಈ ನಿಯಮ ಕಠಿಣವಾಗಿ ತಟ್ಟುತ್ತದೆ. ಕ್ರಯಪತ್ರ, ಕಂದಾಯ ರಸೀದಿ, ಪಾಲುಪಟ್ಟಿ, ಸಾಲದ ಪಾಸ್‌ಬುಕ್ಕು ಎಲ್ಲವನ್ನೂ ಇಟ್ಟುಕೊಂಡಿರುವವನು ಮನೆಯ ಯಜಮಾನಿಕೆ ನಡೆಸಿದವನು. ಕಾನೂನಿನಲ್ಲಿ ಇದಕ್ಕೆ ಪರಿಹಾರವಿಲ್ಲವೆಂದಲ್ಲ. ಎದುರಿನವರ ಸುಪರ್ದಿನಲ್ಲಿರುವ ದಾಖಲೆಗಳನ್ನು ಹಾಜರುಪಡಿಸುವಂತೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 11ನೇ ಆದೇಶದ ಕೆಳಗೆ ನ್ಯಾಯಾಲಯವನ್ನು ಕೇಳಬಹುದು. ತನ್ನ ಬಳಿ ಇರುವ ಉತ್ತಮ ಸಾಕ್ಷ್ಯವನ್ನು ಮುಚ್ಚಿಟ್ಟವನ ವಿರುದ್ಧ, ಹೊರೆ ಅವನದಲ್ಲದಿದ್ದರೂ, ಪ್ರತಿಕೂಲ ಊಹೆಯನ್ನು ಮಾಡಬಹುದೆಂದು 1968ರಷ್ಟು ಹಿಂದೆಯೇ ಗೋಪಾಲ ಕೃಷ್ಣಾಜಿ ಕೇತ್ಕರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ‘ಹೊರೆ ನನ್ನದಲ್ಲ, ಆದ್ದರಿಂದ ನಾನು ತೋರಿಸುವುದಿಲ್ಲ’ ಎಂದು ಕೈಕಟ್ಟಿ ಕೂರುವುದು ಒಳ್ಳೆಯ ಪದ್ಧತಿಯಲ್ಲ ಎಂಬುದೇ ಆ ತೀರ್ಪಿನ ತಿರುಳು. ಇಷ್ಟು ಒಳ್ಳೆಯ ಸಾಧನಗಳಿದ್ದೂ ತಾಲ್ಲೂಕು ನ್ಯಾಯಾಲಯಗಳ ಪಾಲು ದಾವೆಗಳಲ್ಲಿ 11ನೇ ಆದೇಶದ ಅರ್ಜಿಗಳನ್ನು ಕಾಣುವುದೇ ಅಪರೂಪ. ವಾದಿಯ ಸಾಕ್ಷ್ಯ ಮುಗಿದು, ವಾದ ಮಂಡನೆಯ ಹಂತಕ್ಕೆ ಬಂದ ಮೇಲೆ ‘ದಾಖಲೆ ಅವರ ಬಳಿ ಇದೆ ಸ್ವಾಮಿ’ ಎಂದರೆ ಕೇಳುವವರಾರು?

ವೃತ್ತಿಬಾಂಧವರಲ್ಲಿ ನನ್ನ ಮೊದಲ ವಿನಂತಿ ಅದೇ. ವಿವಾದಾಂಶಗಳು ರಚನೆಯಾಗುವ ಮೊದಲೇ ದಾಖಲೆ ಹಾಜರಿಗೆ ಅರ್ಜಿ ಹಾಕಬೇಕು. ಎರಡನೆಯದು ದಾವಾಪತ್ರದ ಬರವಣಿಗೆಗೆ ಸಂಬಂಧಿಸಿದ್ದು. ತಂದೆ ಮರಣಶಾಸನ ಬರೆಯದೆ ತೀರಿಕೊಂಡಿದ್ದರೆ, ಸ್ವತ್ತು ಅವರ ಸ್ವಯಾರ್ಜಿತವೇ ಆಗಿದ್ದರೂ, ಹೆಂಡತಿ, ಗಂಡುಮಕ್ಕಳು, ಹೆಣ್ಣುಮಕ್ಕಳು ಮತ್ತು ಬದುಕಿದ್ದರೆ ತಾಯಿ, ಒಂದನೇ ವರ್ಗದ ವಾರಸುದಾರರಾಗಿ ಸಮಪಾಲಿಗೆ ಅರ್ಹರು. ಹೀಗಿರುವಾಗ ‘ಪಿತ್ರಾರ್ಜಿತ’ ಎಂದಷ್ಟೇ ಬರೆದು, ‘ಒಂದು ವೇಳೆ ತಂದೆಯ ಸ್ವಯಾರ್ಜಿತವೆಂದು ಕಂಡುಬಂದರೂ ವಾರಸುದಾರಳಾಗಿ ನನಗೆ ಪಾಲಿದೆ’ ಎಂಬ ಪರ್ಯಾಯ ವಾದವನ್ನು ಬಿಟ್ಟು, ಗೆಲ್ಲಬೇಕಾದ ದಾವೆಯನ್ನು ಕೈಚೆಲ್ಲುವುದು ಕಕ್ಷಿದಾರರಿಗೆ ಮಾಡುವ ಅನ್ಯಾಯ. ತಂದೆ ಬದುಕಿರುವಾಗ ಅಥವಾ ಅವರು ಮರಣಶಾಸನ, ದಾನಪತ್ರ ಬರೆದಿರುವಾಗ ಪಿತ್ರಾರ್ಜಿತವೆಂಬ ರುಜುವಾತಿಗೆ ಬದಲಿ ಇಲ್ಲ, ಅದು ಬೇರೆ ಮಾತು. ಎಲ್ಲ ಪಾಲುದಾರರನ್ನೂ, ಕುಟುಂಬದ ಎಲ್ಲ ಸ್ವತ್ತುಗಳನ್ನೂ ದಾವೆಯಲ್ಲಿ ಸೇರಿಸಬೇಕೆಂಬುದನ್ನು ವಕೀಲರಿಗೆ ಹೊಸದಾಗಿ ಹೇಳಬೇಕಾಗಿಲ್ಲ.

ಕಂದಾಯ ಇಲಾಖೆಯವರಲ್ಲಿ ಕೇಳಬೇಕಾದದ್ದು ಬಹಳವಿದೆ. ಭೂ ಸುರಕ್ಷಾ ಯೋಜನೆಯಲ್ಲಿ ತಾಲ್ಲೂಕು ಕಚೇರಿಗಳ ಹಳೆಯ ದಾಖಲೆಗಳನ್ನು ಸ್ಕ್ಯಾನ್ ಮಾಡುತ್ತಿರುವುದು ನಿಜವಾಗಿ ಒಳ್ಳೆಯ ಕೆಲಸ, ಅದಕ್ಕಾಗಿ ಇಲಾಖೆಯನ್ನು ಮನಸಾರೆ ಅಭಿನಂದಿಸುತ್ತೇನೆ. ಆದರೆ ಖಾತೆ ಬದಲಾವಣೆಯ ಹಳೆಯ ವಹಿಗಳು ಮತ್ತು ಭೂ ನ್ಯಾಯಮಂಡಳಿಯ ಕಡತಗಳಿಗೆ ಅದರಲ್ಲಿ ಮೊದಲ ಸ್ಥಾನ ಸಿಗಬೇಕು, ಏಕೆಂದರೆ ಜನರ ಪಾಲಿನ ಹಕ್ಕು ಹೆಚ್ಚಾಗಿ ನಿಂತಿರುವುದು ಈ ಎರಡರ ಮೇಲೆ. ಮೋಡಿ ಮತ್ತು ಉರ್ದು ದಾಖಲೆಗಳನ್ನು ಓದಿ ದೃಢೀಕೃತ ಕನ್ನಡ ಪಾಠ ಕೊಡಬಲ್ಲವರನ್ನು ಸಂಬಂಧಪಟ್ಟ ಜಿಲ್ಲೆಗಳಲ್ಲಿ ಕೂಡಲೇ ನೇಮಿಸಬೇಕು. ಇನ್ನು ‘ಕಡತ ಲಭ್ಯವಿಲ್ಲ’ ಎಂಬ ಉತ್ತರ. ದಾಖಲೆ ನಿಜಕ್ಕೂ ಇಲ್ಲದಿದ್ದರೆ ಅದನ್ನು ಬಾಯಲ್ಲಿ ಹೇಳಿ ಕಳುಹಿಸದೆ, ಎಲ್ಲಿ ಹುಡುಕಲಾಯಿತು ಎಂಬ ವಿವರದೊಂದಿಗೆ ಲಿಖಿತ ಹಿಂಬರಹ ಕೊಡಬೇಕು. ಆ ಹಿಂಬರಹ ಕೈಯಲ್ಲಿದ್ದರೆ ಕಕ್ಷಿದಾರರು ನ್ಯಾಯಾಲಯದಲ್ಲಿ ಮೂಲ ದಾಖಲೆಯ ಬದಲಿಗೆ ದ್ವಿತೀಯಕ ಸಾಕ್ಷ್ಯ ಕೊಡಲು ಅವಕಾಶ ಕೇಳಬಹುದು. ಅದು ಇಲ್ಲದೆ ಹೋದರೆ ದಾಖಲೆಯೂ ಇಲ್ಲ, ಅದು ಇಲ್ಲವೆಂಬುದಕ್ಕೆ ಆಧಾರವೂ ಇಲ್ಲ ಎಂಬ ಸ್ಥಿತಿ ಬರುತ್ತದೆ. ಉಪನೋಂದಣಾಧಿಕಾರಿಗಳ ಕಚೇರಿಯಲ್ಲಿ 2004ಕ್ಕಿಂತ ಹಿಂದಿನ ಋಣಭಾರ ಪ್ರಮಾಣಪತ್ರಕ್ಕಾಗಿ (ಸ್ವತ್ತಿನ ಮೇಲಿನ ನೋಂದಾಯಿತ ವ್ಯವಹಾರಗಳ ಪಟ್ಟಿಗಾಗಿ) ಇಂದಿಗೂ ಕೈಬರಹದ ಸೂಚಿಗಳನ್ನು ಹುಡುಕಬೇಕಾಗುತ್ತದೆ. ಆ ಸೂಚಿಗಳನ್ನು ಸರ್ವೆ ನಂಬರಿನ ಜೊತೆಗೆ ವ್ಯಕ್ತಿಯ ಹೆಸರಿನಿಂದಲೂ ಹುಡುಕುವಂತೆ ಮಾಡಿದರೆ, ಸರ್ವೆ ನಂಬರೇ ತಿಳಿಯದ ವಾರಸುದಾರರಿಗೆ ಮುತ್ತಜ್ಜನ ಹೆಸರೊಂದೇ ದಾರಿಯಾಗುತ್ತದೆ.

ಕುಟುಂಬಗಳಿಗೂ ಒಂದು ಮಾತು. ಮನೆಯ ಹಿರಿಯರು ಬದುಕಿರುವಾಗಲೇ ಅವರನ್ನು ಕೂರಿಸಿಕೊಂಡು, ಯಾವ ಜಮೀನು ಯಾರಿಂದ ಬಂತು, ಯಾವುದನ್ನು ಯಾವ ಹಣದಿಂದ ಕೊಂಡರು, ಯಾರು ಯಾವಾಗ ತೀರಿಕೊಂಡರು ಎಂಬುದನ್ನು ಹೆಣ್ಣುಮಕ್ಕಳ ಹೆಸರೂ ಸೇರಿದಂತೆ ಬರೆದು, ಅವರ ಸಹಿ ಪಡೆದು, ಒಂದೊಂದು ಪ್ರತಿಯನ್ನು ಎಲ್ಲ ಮಕ್ಕಳಿಗೂ ಕೊಡಬೇಕು. ಜಗಳ ಶುರುವಾದ ಮೇಲೆ ಬರೆದ ಕಾಗದಕ್ಕೆ ಆ ಬೆಲೆ ಬರುವುದಿಲ್ಲ. ತಮ್ಮನ್ನು ಸ್ವತ್ತಿನಿಂದ ಹೊರಗಿಟ್ಟಿದ್ದಾರೆಂದು ತಿಳಿದವರು ಸಂಕೋಚಕ್ಕೋ ತವರಿನ ಮೋಹಕ್ಕೋ ಕಟ್ಟುಬಿದ್ದು ವರ್ಷಗಳನ್ನು ಕಳೆಯಬಾರದು. ಹಾಗೆ ತಿಳಿದ ದಿನದಿಂದ ಹನ್ನೆರಡು ವರ್ಷಗಳೊಳಗೆ ದಾವೆ ಹೂಡಬೇಕೆಂದು ಕಾಲಮಿತಿ ಅಧಿನಿಯಮದ 110ನೇ ಅನುಚ್ಛೇದ ಹೇಳುತ್ತದೆ. ದಾವೆ ಹೂಡುವ ಮನಸ್ಸು ಇನ್ನೂ ಆಗಿಲ್ಲದವರು ಕೂಡ ಹಳೆಯ ಪಹಣಿ ಮತ್ತು ಖಾತೆ ಬದಲಾವಣೆ ವಹಿಯ ದೃಢೀಕೃತ ನಕಲುಗಳಿಗೆ ಈಗಲೇ ಅರ್ಜಿ ಕೊಡಬಹುದು. ಅದಕ್ಕೆ ಯಾವ ಅಣ್ಣತಮ್ಮನ ಒಪ್ಪಿಗೆಯೂ ಬೇಕಾಗಿಲ್ಲ.

ಇಂತಿ ತಮ್ಮ ವಿಶ್ವಾಸಿ,
ಓರ್ವ ಸಿವಿಲ್ ವಕೀಲ